ಟವಲಿನ ಕೆಳಗಿನ ದರ

ಮೊದಲ ಏಟು ಮಾಸ್ತಪ್ಪನ ಕಿವಿಗೆ ಬಿತ್ತು. ಎರಡನೆಯದು ಬೀಳುವಷ್ಟರಲ್ಲಿ ಅವನು ಹುಲ್ಲಿನ ಮೇಲೆ ಅಂಗಾತ ಬಿದ್ದಿದ್ದ.

"ನಿನ್ನೆ ನಮ್ಮ ಇಪ್ಪತ್ತು ಕುರಿ ಎಷ್ಟಕ್ಕೆ ಹೋದ್ವು? ಬೊಗಳು!"

ಎದೆಯ ಮೇಲೆ ಮೊಣಕಾಲೂರಿ ಕೂತವನು ಉಡುತಡಿಯ ದೊಡ್ಡಬೀರಪ್ಪ. ಕುರಿ ಕಾಯುವವನು, ಎದುರಾದಾಗಲೆಲ್ಲ 'ಅಣ್ಣ' ಎಂದು ತಲೆ ಬಗ್ಗಿಸುತ್ತಿದ್ದವನು. ಶಿಕಾರಿಪುರದ ಸಂತೆಯಲ್ಲಿ ದಲ್ಲಾಳಿ ಕೆಲಸ ಮಾಡಿಯೇ ತಲೆ ನರೆಸಿಕೊಂಡ ಮಾಸ್ತಪ್ಪನಿಗೆ ಬೈಗುಳ ಹೊಸದಲ್ಲ. ಏಟು ಹೊಸದು. ಸಂತೆಯ ಮಾರನೆಯ ದಿನ ಬೇರೆ. ಸಂತೆಮಾಳದ ಕುರಿದೊಡ್ಡಿಯ ಸುತ್ತ ಕೂಗಿದರೆ ಕೇಳುವವರಿಲ್ಲ.

ಬೀರಪ್ಪನ ಕೈಯಲ್ಲಿ ಸೊಪ್ಪು ಕಡಿಯುವ ಮಚ್ಚಿತ್ತು. ಅದರ ಹಿಡಿಯ ಮೇಲೆ ರಕ್ತ ಒಣಗಿತ್ತು. ಬೆಳಿಗ್ಗೆ ಯಾವುದೋ ಕುರಿ ಕೊಯ್ದು, ಕೈ ತೊಳೆಯುವಷ್ಟೂ ತಾಳ್ಮೆಯಿಲ್ಲದೆ ಓಡಿಬಂದಿದ್ದಾನೆ ಎಂದುಕೊಂಡ ಮಾಸ್ತಪ್ಪ. ಯಾವತ್ತೂ ಹೆಗಲಿನಿಂದ ಇಳಿಯದ ಕಂಬಳಿ ಇವತ್ತು ಇರಲಿಲ್ಲ. ಬಾಗಿಲಲ್ಲಿ ಒಂದು ಕರಿನಾಯಿ ಕೂತಿತ್ತು. ಲೋಕಪ್ಪನ ನಾಯಿ ಅದು. ಕುರಿಗಳ ಹಿಂದೆ ತಿರುಗಿ ತಿರುಗಿ ಬೀರಪ್ಪನಿಗೂ ಒಗ್ಗಿಹೋಗಿರಬೇಕು.

ಲೋಕಪ್ಪ ಸೊರಬದ ಕಡೆಯ ಜಡೆ ಊರಿನವನು, ಬೀರಪ್ಪನ ಪಾಲುದಾರ. ಇಬ್ಬರೂ ತಲಾ ನೂರೈವತ್ತು ರೂಪಾಯಿ ಹಾಕಿ ಕುರಿ ಹಿಡಿದಿದ್ದರು. ಬೀರಪ್ಪನ ಪಾಲು ಹೆಂಡತಿ ಹೂವಮ್ಮನ ಬೆಳ್ಳಿ ಡಾಬು ಮಾರಿ ಬಂದದ್ದು. ಇವನು ಮೇಯಿಸಿದ, ಅವನು ಮಾರಿದ.

"ಲೋಕಪ್ಪನ್ನೇ ಕೇಳು ಮಾರಾಯ! ದುಡ್ಡು ಎಣಿಸಿಕೊಂಡೋನು ಅವನು."

"ಅವನನ್ನ ಕೇಳಿ ಆಯ್ತು. ಬೆಳಗ್ಗೆ ಮನೆಗೆ ಬಂದಿದ್ದ. ಖರ್ಚೆಲ್ಲ ಕಳೆದು ನಿನ್ನ ಪಾಲಿನ ಲಾಭ ಮೂವತ್ತೈದು ಅಂದ. ಅವನು ಹೇಳಿದ ಖರ್ಚೆಲ್ಲ ಕಳೆದ್ರೂ ನಂಗೆ ನೂರ ಮೂವತ್ತೈದು ಬರಬೇಕು! ನಿನ್ನೆ ನೀನೇ ಟವಲು ಕೊಡವಿ, ಇಡೀ ಸಂತೆಗೆ ಕೇಳೋ ಹಂಗೆ ಆರ್ನೂರು ಅಂತ ಕೂಗಿದೆ. ಈ ಕಿವಿಯಾರೆ ಕೇಳೀನಿ."

ಮಚ್ಚಿನ ಅಲಗು ಗಂಟಲಿಗೆ ಒತ್ತಿತು. "ಆರ್ನೂರು ಹೌದೋ ಅಲ್ಲೋ?"

"ಹೌದು! ಹೌದು, ಆರ್ನೂರು!"

ಬೀರಪ್ಪ ಅಬ್ಬರಿಸಲಿಲ್ಲ. ಪಾಲುದಾರನ ಮೋಸ ಕೈಗೆ ಸಿಕ್ಕವನ ಸಿಟ್ಟು ಮುಖದಲ್ಲಿ ಇರಲೇ ಇಲ್ಲ. ಮಚ್ಚು ಕೆಳಗಿಟ್ಟು, ಗೋಡೆಗೆ ಒರಗಿ, ಉದ್ದಕ್ಕೆ ಉಸಿರು ಬಿಟ್ಟ. ಕಣ್ಣು ಒದ್ದೆಯಾಗಿತ್ತು. "ಸದ್ಯ," ಎಂದ.

ಮಾಸ್ತಪ್ಪ ಬಚಾವಾದ. ಬಾಯಿ ಮುಚ್ಚಿಕೊಂಡಿದ್ದರೆ ಅಲ್ಲಿಗೆ ಮುಗಿಯುತ್ತಿತ್ತು. ಆದರೆ ಆ ಮಚ್ಚಿನ ಮೇಲೆ ಕಣ್ಣು ಹೋಯಿತು. ಈ ಹುಂಬ ಇಲ್ಲಿಂದ ಎದ್ದವನೇ ಲೋಕಪ್ಪನನ್ನು ಹುಡುಕಿಕೊಂಡು ಹೋಗುತ್ತಾನೆ. ಇದೇ ಮಚ್ಚು, ಅವನ ಕುತ್ತಿಗೆ. ತನ್ನ ಚರ್ಮ ಉಳಿಸಿಕೊಳ್ಳಲು ಆಡಿದ ಸುಳ್ಳಿಗೆ ಒಂದು ಜೀವ ಹೋಗಬೇಕೇ? ಮಾಸ್ತಪ್ಪ ದಲ್ಲಾಳಿ ನಿಜ, ಕಟುಕನಲ್ಲ.

ಬೀರಪ್ಪನೇ ದಾರಿ ಮಾಡಿಕೊಟ್ಟ. ಹುಲ್ಲಿನಲ್ಲಿ ಬಿದ್ದಿದ್ದ ಟವಲು ಎತ್ತಿ ತನ್ನ ಬಲಗೈ ಮೇಲೆ ಹೊದಿಸಿ ಚಾಚಿದ.

"ಇದರ ಕೆಳಗೆ ಹೇಳಣ್ಣ. ಟವಲಿನ ಕೆಳಗೆ ದಲ್ಲಾಳಿ ಸುಳ್ಳಾಡಲ್ಲ ಅಂತಾರೆ. ಆರು ಅಂತ ಹಿಡಿ, ಹೊರಟುಹೋಗ್ತೀನಿ."

ಕುರಿ ಸಂತೆಯಲ್ಲಿ ದರ ಬಾಯಲ್ಲಿ ಆಡುವುದಿಲ್ಲ. ಟವಲಿನ ಕೆಳಗೆ ಕೈ ಸೇರಿಸಿ, ಎಷ್ಟು ನೂರೋ ಅಷ್ಟು ಬೆರಳು ಹಿಡಿಯುತ್ತಾರೆ; ಐದು ದಾಟಿದರೆ ಇಡೀ ಕೈ ಹಿಡಿದು, ಮಿಕ್ಕಿದ್ದಕ್ಕೆ ಮತ್ತೆ ಬೆರಳು. ಬಾಯಿ ಏನು ಬೇಕಾದರೂ ಒದರಲಿ, ಬೆರಳಲ್ಲಿ ತಪ್ಪಿದ ದಲ್ಲಾಳಿಗೆ ಮತ್ತೆ ಯಾರೂ ಕೈ ಕೊಡುವುದಿಲ್ಲ.

ಮಾಸ್ತಪ್ಪ ಕೈ ತೂರಿಸಿದ. ಬೀರಪ್ಪನ ಅಂಗೈ ಅಂಟಂಟಾಗಿತ್ತು. ನಾಲ್ಕು ಬೆರಳು ಹಿಡಿದ. ಹೆಬ್ಬೆರಳು ಮುಟ್ಟಲಿಲ್ಲ.

"ಮತ್ತೆ ಹಿಡಿ."

ಮತ್ತೆ ನಾಲ್ಕೇ.

ಬೀರಪ್ಪ ಕೆಳಗಿಟ್ಟಿದ್ದ ಮಚ್ಚು ಎತ್ತಿದ; ಅದರ ಹಿಂಬದಿ ದವಡೆಗೆ ಬಡಿಯಿತು. ಒಂದು ಹಲ್ಲು ಹುಲ್ಲಿಗೆ ಬಿತ್ತು. "ಆರು ಹಿಡಿಯೋ! ನಿನ್ನ ಕಾಲಿಗೆ ಬೀಳ್ತೀನಿ, ಆರು ಹಿಡಿ!" ಹೊಡೆಯುತ್ತ ಅಳುತ್ತಿದ್ದ ಬೀರಪ್ಪ.

"ಕೊಂದ್ರೂ ನಾಲ್ಕೇ." ಮಾಸ್ತಪ್ಪ ರಕ್ತ ಉಗುಳಿದ. "ಆರ್ನೂರು ಅಂತ ಕೂಗಿದ್ದು ಪಕ್ಕದ ಗಿರಾಕಿಗೆ ಕೇಳಲಿ ಅಂತ ಮಾರಾಯ. ಅವನು ದರ ಏರಿಸಲಿ ಅಂತ. ವಾರವಾರ ಸಂತೆಗೆ ಬರೋರಿಗೆಲ್ಲ ಗೊತ್ತಿರೋದೇ. ಅಡವೀಲಿ ಕುರಿ ಕಾಯೋ ನಿಂಗೆ ಯಾರು ಹೇಳ್ಬೇಕು? ಬಂದಿದ್ದು ನಾನೂರು. ಅಸಲು ಮುನ್ನೂರು ತೆಗಿ. ನೂರು ಉಳೀತು. ನನ್ನ ದಲ್ಲಾಳಿ ಹನ್ನೆರಡು. ತಲೆಗೆ ಇಪ್ಪತ್ತೈದು ಹೊಸ ಪೈಸೆ ಸಂತೆ ಸುಂಕ, ಐದು. ಸರ್ಕಾರದ ತೆರಿಗೆ ಎಂಟು. ಕಾಡಲ್ಲಿ ಮೇಯಿಸಿದ್ದಕ್ಕೆ ಐದು. ಮೂವತ್ತು ಹೋಯ್ತು. ಉಳಿದ ಎಪ್ಪತ್ತರಲ್ಲಿ ಅರ್ಧ ಎಷ್ಟು?"

ಬೀರಪ್ಪ ಎಡಗೈ ಬೆರಳು ಮಡಿಚುತ್ತ ಎಣಿಸಿದ.

"ಮೂವತ್ತೈದು. ಲೋಕಪ್ಪ ಒಂದು ಪೈಸೆ ಮುಟ್ಟಿಲ್ಲ ಕಣೋ. ಹೋಗು, ಅವನ ಕೈ ಹಿಡ್ಕೊಂಡು ತಪ್ಪಾಯ್ತು ಅನ್ನು. ಸಿಟ್ಟು ಇಟ್ಕೊಳ್ಳೋನಲ್ಲ ಅವನು."

ಮಚ್ಚು ಬೀರಪ್ಪನ ಕೈಯಿಂದ ಜಾರಿ ಬಿತ್ತು. ಮಾಸ್ತಪ್ಪನಿಗೆ ಅಷ್ಟು ನೋವಿನಲ್ಲೂ ಮನಸ್ಸು ಹಗುರವಾಯಿತು. ಹಲ್ಲು ಹೋದರೆ ಹೋಗಲಿ, ಲೋಕಪ್ಪ ಉಳಿದ. ಟವಲಿನಿಂದ ಬಾಯಿ ಒರೆಸಿಕೊಂಡ. ಇಷ್ಟೆಲ್ಲ ಆದ ಮೇಲೂ ಎದುರಿಗೆ ಗಡಗಡ ನಡುಗುತ್ತಿದ್ದವನನ್ನು ನೋಡಿ ಅಯ್ಯೋ ಅನಿಸಿತು.

"ಹಿಂಗ್ಯಾಕೆ ನಡುಗ್ತೀಯ? ನಿನ್ನ ಕಂಬಳಿ ಎಲ್ಲಿ?"

ನಾಯಿ ಒಳಗೆ ಬಂದು ಬೀರಪ್ಪನ ಅಂಗೈ ಮೂಸಿತು. ಮೂಸಿ, ಕುಂಯ್‌ಗುಟ್ಟಿತು.

"ಲೋಕಪ್ಪನಿಗೆ ಹೊದಿಸಿ ಬಂದೀನಣ್ಣ," ಎಂದ ಬೀರಪ್ಪ. "ಮುಖ ಪೂರಾ ಮುಚ್ಚಿ."