ಅಲ್ಲಾಡದೆ ಇದ್ದದ್ದು

"ಬಾಗಿಲು ತೆಗಿಯಮ್ಮ. ಒಳಗೆ ಏನು ನಡೀತಿದೆ ಅಂತ ಇವತ್ತು ನೋಡೇ ಹೋಗೋದು ನಾನು," ಎಂದು ಮನೆಯೊಡತಿ ಮಹಡಿ ಕೋಣೆಯ ಕದ ಬಡಿದಳು.

ಬಾಡಿಗೆಯವಳು ಬಾಗಿಲು ತೆರೆದಳು. ಕಿಟಕಿಗೆ ಕಪ್ಪು ಬಟ್ಟೆ, ನೆಲದ ತುಂಬ ವೈರು, ಬಕೆಟ್ಟಿನಲ್ಲಿ ನಿಲ್ಲಿಸಿದ ಒಂದು ಒಣಕೊಂಬೆ. ಸಿನಿಮಾ ಮಾಡುತ್ತೇನೆ ಅನ್ನುತ್ತಾಳೆ, ನಟರಿಲ್ಲ, ಕಥೆಯಿಲ್ಲ. ನಸುಕಿನಲ್ಲಿ ಕಪ್ಪು ಡಬ್ಬಿ ಹೊತ್ತು ಹೋಗಿ ಬರಿಗೈಯಲ್ಲಿ ವಾಪಸಾಗುತ್ತಾಳೆ, ಕತ್ತಲಾದ ಮೇಲೆ ಹೋಗಿ ಅದನ್ನೇ ಹೊತ್ತು ತರುತ್ತಾಳೆ. ಇಂಥವಳ ಮೇಲೂ ಅನುಮಾನ ಬಾರದಿದ್ದರೆ ಇನ್ನು ಯಾರ ಮೇಲೆ ಬರಬೇಕು? ಆದರೂ ಒಡತಿ ಕಂಡೂ ಕಾಣದಂತೆ ಇದ್ದಳು. ಕಳೆದ ವಾರದಿಂದ ಬೆನ್ನು ಹತ್ತಿದವನು ಗಂಡ. "ಆ ಹುಡುಗಿ ಸರಿ ಇಲ್ಲ ಕಣೇ. ಮೊದಲು ಖಾಲಿ ಮಾಡಿಸು." ಯಾವತ್ತೂ ಮನೆ ವ್ಯವಹಾರಕ್ಕೆ ತಲೆಹಾಕದ ಮನುಷ್ಯ ಹಾಗಂದ ಮೇಲೆ ಅವಳಿಗೂ ದಿಗಿಲು ಹತ್ತಿತ್ತು.

"ನಮ್ಮನೆಯವರು ಹೇಳಿದ್ರು, ಕಂಡಕಂಡೋರ ಫೋಟೋ ತೆಗೀತೀಯಂತೆ. ನಾಳೆ ಅದೆಲ್ಲಾ ಊರಿಗೇ ಗೊತ್ತಾದ್ರೆ ನಮ್ಮ ಮರ್ಯಾದೆ?"

"ಅಯ್ಯೋ ಆಂಟಿ, ನನ್ನ ಕ್ಯಾಮೆರಾದಲ್ಲಿ ಜನ ಬೀಳೋದೇ ಇಲ್ಲ. ಬನ್ನಿ, ಕೂತ್ಕೊಳ್ಳಿ." ಅವಳು ಪ್ರೊಜೆಕ್ಟರ್ ಹಚ್ಚಿದಳು. "ಕೆರೆ ಪಾರ್ಕಿನಲ್ಲಿ ಒಂದು ಮರ ಇದೆ. ಅದರೆದುರು ಕಂಬಕ್ಕೆ ಡಬ್ಬಿ ಕಟ್ಟಿ ಬರ್ತೀನಿ. ಬೆಳಿಗ್ಗೆ ಕಣ್ಣು ತೆರೆದರೆ ಅದು ಮುಚ್ಚೋದು ಸಂಜೆಗೇ. ಒಂದು ದಿನಕ್ಕೆ ಒಂದೇ ಚಿತ್ರ. ಓಡಾಡೋರ ಗುರುತೂ ಸಿಗಲ್ಲ. ಅಲ್ಲಾಡದೆ ಇದ್ದದ್ದು ಮಾತ್ರ ಉಳಿಯುತ್ತೆ."

ಗೋಡೆಯ ಮೇಲೆ ಪಾರ್ಕು ಮೂಡಿತು. ದಿನವೆಲ್ಲ ಗಾಳಿಗೆ ಆಡಿದ ಎಲೆಗಳು ಹಸಿರು ಹೊಗೆಯಾಗಿದ್ದವು. ಜನ ಗಿಜಿಗುಟ್ಟುವ ದಾರಿಯಲ್ಲಿ ಒಂದು ನರಪಿಳ್ಳೆಯೂ ಇರಲಿಲ್ಲ. ಒಡತಿಗೆ ಅರ್ಧ ಜೀವ ಬಂದಂತಾಯಿತು. ಅಷ್ಟರಲ್ಲಿ ಮರದ ಕೆಳಗಿನ ಕಲ್ಲುಬೆಂಚಿನ ಮೇಲೆ ಮನುಷ್ಯಾಕಾರದ ಬೂದು ಮಸುಕು ಕಂಡಿತು.

"ಅದ್ಯಾರು?"

"ಗೊತ್ತಿಲ್ಲ. ಮುಖ ಬಿದ್ದಿಲ್ಲ ನೋಡಿ. ಎರಡು ತಿಂಗಳಿಂದ ದಿನಾ ಕೂತಿರ್ತಾರೆ, ಪಾಪ. ಭಾನುವಾರ ಮಾತ್ರ ಇರಲ್ಲ."

ಮಸುಕಿನ ಪಕ್ಕದಲ್ಲಿ ಒಂದು ಊಟದ ಚೀಲ ಮಾತ್ರ ಕಣ್ಣಿಗೆ ಹೊಡೆಯುವಷ್ಟು ಸ್ಪಷ್ಟವಾಗಿತ್ತು. ಕಿತ್ತ ಹಿಡಿಕೆಗೆ ಹಳೆಯ ಪರದೆಯ ತುಂಡು ಕೊಟ್ಟು ಹೊಲಿದವಳು ಒಡತಿಯೇ. ಗಂಡ ಆಫೀಸಿಗೆ ಹೊರಡುವಾಗ ದಿನಾ ಅದನ್ನು ಕೈಗಿಡುವವಳೂ ಅವಳೇ. ಮುಂದಿನ ದಿನದ ಚಿತ್ರದಲ್ಲೂ ಅದೇ ಚೀಲ. ಅದರ ಮುಂದಿನದರಲ್ಲೂ. ಅವಳಿಗೆ ಮೊದಲು ಮೈಯೆಲ್ಲ ಉರಿದುಹೋಯಿತು, ಆಮೇಲೆ ಕೈ ಚಾಚಿ ಗೋಡೆಯ ಮೇಲಿನ ಆ ಹೊಲಿಗೆಯನ್ನು ಸವರಿದಳು.

"ಆಂಟಿ, ನಾನು ಖಾಲಿ ಮಾಡ್ಬೇಕಾ?"

ಒಡತಿ ಎದ್ದು ಮೆಟ್ಟಿಲಿಳಿದಳು.

ಸಂಜೆ ಗಂಡ ಚಪ್ಪಲಿ ಬಿಡುತ್ತಲೇ ಕೇಳಿದ: "ಆಫೀಸಲ್ಲಿ ಇವತ್ತೂ ವಿಪರೀತ ಕೆಲಸ ಮಾರಾಯ್ತಿ. ಅವಳಿಗೆ ಹೇಳಿದ್ಯಾ?"

"ಇಲ್ಲ, ಇರ್ಲಿ ಬಿಡಿ." ಅವಳು ಅವನ ಕೈಯಿಂದ ಚೀಲ ಇಸಿದುಕೊಂಡಳು. "ನಾಳೆಯಿಂದ ಒಂದು ದಿಂಬು ತಗೊಂಡು ಹೋಗಿ. ದಿನವೆಲ್ಲಾ ಕಲ್ಲಿನ ಮೇಲೆ ಕೂತ್ರೆ ಸೊಂಟ ಏನಾಗ್ಬೇಕು?"