ತೊಟ್ಟಿಯಿಲ್ಲದ ಅಡ್ಮಿರಲ್

"ತೊಟ್ಟಿ ಎಲ್ಲೋ?" ಎಂದಳು ಮಾರ್ಗೋ. ಸಿರಿಲ್ ಬಾಟರಿಲ್ ಬರಿಗೈಯಲ್ಲಿ ಮೆಟ್ಟಿಲು ಹತ್ತಿ ಬಂದದ್ದು ಇಪ್ಪತ್ತೆರಡು ವರ್ಷದಲ್ಲಿ ಅದೇ ಮೊದಲು. ಲಂಡನ್ನಿನ ಆ ಪಬ್ಬಿನ ಮಹಡಿಯಲ್ಲಿ ಭಾನುವಾರ ಮಧ್ಯಾಹ್ನದ ನಗೆಕೂಟ ನಡೆಸುವವಳು ಅವಳು. ತಗಡಿನ ಸ್ನಾನದ ತೊಟ್ಟಿಯೊಳಗೆ ನಿಂತು, ತಲೆಗೆ ನೌಕಾಪಡೆಯ ಟೋಪಿ ಏರಿಸಿ, ಇಲ್ಲದ ಹಡಗುಗಳಿಗೆ ಹುಕುಂ ಕೊಡುವ 'ತೊಟ್ಟಿ ಅಡ್ಮಿರಲ್' ಅವನು.

"ಮನೇಲಿದೆ. ಇವತ್ತು ಆಟ ಇಲ್ಲ ಕಣೇ. ಎರಡು ಮಾತು ಹೇಳಿ ಮುಗಿಸ್ತೀನಿ."

"ಹೊಸದಾ? ಮೊದಲೇ ಹೇಳೋದಲ್ವೇನೋ!" ಎನ್ನುತ್ತಾ ಅವಳು ಮೈಕಿನತ್ತ ಓಡಿಯೇ ಬಿಟ್ಟಳು.

ಕೊನೆಯ ಸಾಲಿನಲ್ಲಿ ಅವನ ಹೆಂಡತಿ ಈನಿಡ್ ಕೋಟು ಕೂಡ ಬಿಚ್ಚದೆ ಕೂತಿದ್ದಳು. ಆ ಮಹಡಿಗೆ ಅವಳು ಬಂದದ್ದು ಇದೇ ಮೊದಲು. ಬಸ್ಸಿನಲ್ಲಿ ಬರುವಾಗ "ಇವತ್ತು ಹೇಳೇ ಹೇಳ್ತೀಯ ತಾನೆ?" ಎಂದು ಮೂರು ಸಲ ಕೇಳಿದ್ದಳು. ಆ ಹಾಳು ತೊಟ್ಟಿ ಹೊತ್ತೂ ಹೊತ್ತೂ ಗಂಡನ ಮಂಡಿ ಸವೆದದ್ದು, ಅವನು ಹಾಸಿಗೆಯಲ್ಲಿ ನರಳುವುದು, ಅವಳೊಬ್ಬಳಿಗೇ ಗೊತ್ತು. ಇನ್ನೊಂದು ಚಳಿಗಾಲ ಹೀಗೇ ಕುಣಿದರೆ ಕೋಲೇ ಗತಿ ಎಂದಿದ್ದರು ಡಾಕ್ಟರು.

ಸಿರಿಲ್ ವೇದಿಕೆ ಹತ್ತಿದ್ದೇ ತಡ, ನಲವತ್ತು ಮಂದಿ ವಾಡಿಕೆಯಂತೆ ಎದ್ದು ನಿಂತು ಸಲ್ಯೂಟ್ ಹೊಡೆದರು. "ನೀರು ತಣ್ಣಗಿದೆ, ಅಡ್ಮಿರಲ್!"

"ಕೂತ್ಕೊಳ್ಳಿ. ನಾನು ಅಡ್ಮಿರಲ್ ಅಲ್ಲ, ಸಿರಿಲ್. ನಂಗೆ ಸಾಕಾಗಿದೆ."

ಯಾರೋ ಕಿಸಕ್ಕೆಂದರು.

"ನಿಜವಾಗ್ಲೂ ಹೇಳ್ತಿದೀನಿ. ಮಂಡಿ ಹೋಗಿದೆ. ಇಷ್ಟು ವರ್ಷ ತಗಡಿನ ತೊಟ್ಟೀಲಿ ಯಾಕೆ ನಿಂತೆ ಅಂತ ನಂಗೇ ಗೊತ್ತಿಲ್ಲ. ಇನ್ನು ನಿಲ್ಲೋಕೂ ಆಗಲ್ಲ. ಬೆಳಗ್ಗೆ ನನ್ನ ಹೆಂಡತಿ ಅದಕ್ಕೆ ಮಣ್ಣು ತುಂಬಿ ಈರುಳ್ಳಿ ನೆಟ್ಟಿದ್ದಾಳೆ."

ಅಷ್ಟೇ. ಜನ ಮೇಜು ಗುದ್ದಿ ಗುದ್ದಿ ನಕ್ಕರು. ವೇಷವಿಲ್ಲದ ಮನುಷ್ಯನನ್ನು ಆ ಮಹಡಿಯಲ್ಲಿ ಅವರು ಎಂದಾದರೂ ಕಂಡಿದ್ದರೆ ತಾನೆ! ಅವರ ಪಾಲಿಗೆ ಅವನ ಹಳೇ ಸ್ವೆಟರೂ ವೇಷವೇ, ಸುಸ್ತೂ ನಟನೆಯೇ. "ನಗಬೇಡ್ರಪ್ಪ, ದಮ್ಮಯ್ಯ" ಎಂದ. ಇನ್ನೂ ಜೋರಾಗಿ ನಕ್ಕರು. ಅಯ್ಯೋ, ಪಾಪಿ ಅಭ್ಯಾಸ! ಆಟದಲ್ಲಿ ಮಾಡುವಂತೆಯೇ ನಗು ಇಳಿಯಲೆಂದು ಕಾದು ಮುಂದಿನ ಮಾತು ಆಡುತ್ತಿದ್ದೇನೆಂದು ಅವನಿಗೇ ಆಮೇಲೆ ಹೊಳೆಯಿತು. ನಾಚಿಕೆಯಾಗಿ ಇಳಿದುಬಿಟ್ಟ.

ಮಾರ್ಗೋ ಓಡಿಬಂದು ತಬ್ಬಿಕೊಂಡಳು. "ಏನ್ ಮಾಡ್ಬಿಟ್ಟೆ ಮಾರಾಯ! ಅಡ್ಮಿರಲ್‌ಗೂ ಇಷ್ಟು ನಕ್ಕಿರಲಿಲ್ಲ ಜನ. ಈ ಸುಸ್ತಾದ ಮುದುಕನ್ನ ಕ್ರಿಸ್‌ಮಸ್‌ವರೆಗೂ ಪ್ರತಿ ಭಾನುವಾರ ಹಾಕ್ತೀನಿ."

"ಅದು ನಟನೆ ಅಲ್ಲ, ಮಾರ್ಗೋ."

"ಹ್ಞಾಂ, ಅದೇ ಧಾಟಿ! ಅದನ್ನ ಮಾತ್ರ ಬಿಡಬೇಡ."

ಸಿರಿಲ್ ಕೊನೆಯ ಸಾಲಿನತ್ತ ನೋಡಿದ. ಈನಿಡ್ ಕೂತಲ್ಲೇ ಕೂತಿದ್ದಳು. ಕೆನ್ನೆಯ ಮೇಲೆ ನೀರು ಇಳಿಯುತ್ತಿತ್ತು, ಒರೆಸಿಕೊಂಡಿರಲಿಲ್ಲ.

ಮಾರ್ಗೋನೂ ಅತ್ತ ನೋಡಿ ಅವನ ಬೆನ್ನು ತಟ್ಟಿದಳು. "ಅಂದ ಹಾಗೆ, ಎಲ್ಲರೂ ನಗುವಾಗ ಒಬ್ಬಳೇ ಅಳ್ತಾ ಕೂರೋ ಆ ಹೆಂಗಸನ್ನ ಎಲ್ಲಿಂದ ಹಿಡಿದು ತಂದ್ಯೋ? ಪ್ರತಿ ವಾರ ಅವಳನ್ನೂ ಕರ್ಕೊಂಡು ಬಾ."