ಸಕ್ಕುಬಾಯಿಯ ಮೂರು ಗೆಲುವು

ಆಟ ಮತ್ತೆ ನಿಂತಿತು. ಮೊಬೈಲಿನ ಪರದೆಯ ನಡುವೆ ಬಿಳಿ ಚಕ್ರ ಸುತ್ತತೊಡಗಿತು. ಸಕ್ಕುಬಾಯಿ ಚಪ್ಪಲಿಯನ್ನೂ ಮೆಟ್ಟದೆ ರಸ್ತೆಗೆ ಓಡಿದಳು. ಕಬ್ಬಿನ ಟ್ರ್ಯಾಕ್ಟರ್ ಎರಡು ಟ್ರೇಲರ್ ಎಳೆದುಕೊಂಡು ಆಗಲೇ ತಿರುವು ದಾಟಿತ್ತು. ಇಂಟರ್ನೆಟ್ಟಿನ ಕೇಬಲ್ಲು ಹರಿದು ನೆಲಕ್ಕೆ ಜೋತು ಬಿದ್ದಿತ್ತು.

ಸಕ್ಕರೆ ಕಾರ್ಖಾನೆಯ ಹಂಗಾಮು ಶುರುವಾದರೆ ಕರೋಶಿ ಊರಿನಲ್ಲಿ ಇದು ನಿತ್ಯದ ಗೋಳು. ಮುಗಿಲೆತ್ತರ ಹೇರಿದ ಕಬ್ಬು ಅಡ್ಡ ಬಂದ ತಂತಿಯನ್ನೆಲ್ಲ ಹರಿದುಕೊಂಡು ಹೋಗುತ್ತದೆ. ಚಿಕ್ಕೋಡಿಯಿಂದ ಅಲ್ತಾಫ ಬಂದು ಜೋಡಿಸಿ ಹೋಗುತ್ತಾನೆ. ಮಾರನೆಯ ದಿನ ಇನ್ನೊಂದು ಟ್ರ್ಯಾಕ್ಟರ್.

ಅಲ್ತಾಫ ಹತ್ತು ವರ್ಷದಿಂದ ಕೇಬಲ್ ಕೆಲಸದಲ್ಲಿದ್ದವನು. ಬಾಯಿ ಜೋರು, ಮನಸ್ಸು ಮೆದು. ಆಟ ನಿಂತಿತೆಂದು ತಲೆ ತಿನ್ನುವ ಪಡ್ಡೆಗಳನ್ನು ಅವನು ಬೇಕಾದಷ್ಟು ಕಂಡಿದ್ದ. ಐವತ್ತು ದಾಟಿದ ಹೆಂಗಸನ್ನು ಮಾತ್ರ ಇದೇ ಮೊದಲು ನೋಡುತ್ತಿದ್ದ.

“ಆಟ ನಿಂತ್ರ ಹುಡುಗರು ಒದರ್ತಾರ, ಮಾವಶಿ. ನೀವು ಅಳಾಕತ್ತೀರಲ್ರಿ.”

ಕಣ್ಣಿಗೆ ಕಬ್ಬಿನ ಒಣಗರಿಯ ರವದಿ ಬಿತ್ತೆಂದು ಸಕ್ಕುಬಾಯಿ ಸೆರಗಿನಿಂದ ಮುಖ ಒರೆಸಿಕೊಂಡಳು.

ನಿಜ ಹೇಳುವಂತಿರಲಿಲ್ಲ. ಎದುರು ಆಡುತ್ತಿದ್ದವಳು ಮಗಳು ನೀಲಮ. ಮೇ ತಿಂಗಳಲ್ಲಿ ಅವಳನ್ನು ಅಥಣಿ ಕಡೆಯ ಸತ್ತಿ ಊರಿಗೆ ಮದುವೆ ಮಾಡಿ ಕೊಟ್ಟಿದ್ದರು. ಅಲ್ಲಿಂದ ಫೋನ್ ಬಂದರೆ ಅತ್ತೆ ಪಕ್ಕದಲ್ಲಿ ಕೂತು ಸ್ಪೀಕರಿನಲ್ಲಿ ಕೇಳುತ್ತಿದ್ದಳು. ಬರೆದು ಕಳಿಸಿದರೆ ಸಂಜೆ ಗಂಡ ಓದುತ್ತಿದ್ದ. ಮಧ್ಯಾಹ್ನ ಮೂರಕ್ಕೆ, ಮನೆಯವರೆಲ್ಲ ಅಡ್ಡಾದ ಹೊತ್ತಿನಲ್ಲಿ ಆಡುವ ಲೂಡೋದ ಮೇಲೆ ಮಾತ್ರ ಯಾರಿಗೂ ಸಂಶಯವಿರಲಿಲ್ಲ. ಅದರಲ್ಲಿ ಮಾತಿಲ್ಲ, ಅಕ್ಷರವಿಲ್ಲ. ದಾಳ ಮತ್ತು ಕಾಯಿ ಅಷ್ಟೆ.

ಪಂಚಮಿಗೆ ತವರಿಗೆ ಬಂದಾಗ ನೀಲಮಳ ಮಣಿಕಟ್ಟಿನ ಮೇಲೆ ಕಪ್ಪು ಗುರುತಿತ್ತು. ಬಾಗಿಲು ಬಡಿಯಿತು ಎಂದಳು. ಸಕ್ಕುಬಾಯಿ ನಂಬಲಿಲ್ಲ. ನಂಬದೆಯೂ ಕಳಿಸಿದಳು, ಗಂಡನಿಲ್ಲದ ಹೆಂಗಸು, ಮಗಳನ್ನು ಇಟ್ಟುಕೊಂಡರೆ ಊರು ಏನೆಂದೀತು ಎಂಬ ಅಂಜಿಕೆ. ಉಡಿ ತುಂಬುವಾಗ ಬಗ್ಗಿ ಕಿವಿಯಲ್ಲಿ ಒಂದು ಮಾತು ಹೇಳಿದ್ದಳು.

“ತಡಕೊಳ್ಳಾಕ ಆಗದಂಗ ಆತಂದ್ರ ಆಟದಾಗ ನನ್ನ ಕಾಯಿ ಹೊಡಿ. ಅವತ್ತ ಬಂದು ಕರಕೊಂಡು ಬರ್ತೀನಿ.”

ಅಂದಿನಿಂದ ನೀಲಮ ಹೊಡೆದಿರಲಿಲ್ಲ. ಕೈಗೆ ಸಿಕ್ಕ ಕಾಯಿಯನ್ನೂ ಬಿಟ್ಟು, ಬೇರೆ ಕಾಯಿ ನಡೆಸುತ್ತಿದ್ದಳು. ಆಟ ಮುಗಿದ ಮೇಲೆ ಸಕ್ಕುಬಾಯಿ ಮಗಳು ಕ್ಷೇಮವೆಂದು ದೇವರಿಗೆ ಕೈಮುಗಿದು ಎಮ್ಮೆ ಹಿಂಡಲು ಏಳುತ್ತಿದ್ದಳು. ಆಟ ನಡುವೆ ನಿಂತ ದಿನ ಊಟದ ತಾಟು ಹಾಗೇ ಉಳಿಯುತ್ತಿತ್ತು.

ಇದನ್ನೆಲ್ಲ ಕಂಬ ಹತ್ತುವವನಿಗೆ ಹೇಳಿದರೆ ಸಂಜೆಯೊಳಗೆ ಬಸ್‌ಸ್ಟ್ಯಾಂಡಿನಲ್ಲಿ ಸುದ್ದಿಯಾದೀತು ಎಂದು ಅವಳಿಗೆ ಹೆದರಿಕೆ. ಬಿಸಿ ತುಪ್ಪ, ನುಂಗುವಂತಿಲ್ಲ, ಉಗುಳುವಂತಿಲ್ಲ. ಆಟ ನಡುವೆ ನಿಲ್ಲದ ಹಾಗೆ ಮಾಡಿಕೊಡು ತಮ್ಮಾ, ಎಂದಷ್ಟೇ ಬೇಡಿಕೊಂಡಳು.

ಅಲ್ತಾಫ ಮಾಡದ್ದಿಲ್ಲ. ಬಿದಿರು ಕಟ್ಟಿ ಕೇಬಲ್ ಎತ್ತರಿಸಿದ, ಹೊಸ ಡಬ್ಬಿ ಕೂರಿಸಿದ. ಮೊಬೈಲಿನ ಸಿಗ್ನಲ್ ನೋಡಿದರೆ ಆ ಓಣಿಯಲ್ಲಿ ಒಂದೇ ಕಡ್ಡಿ. ಕಬ್ಬಿನ ಮುಂದೆ ಯಾವುದೂ ನಡೆಯಲಿಲ್ಲ. ಕೊನೆಗೊಂದು ಭಾನುವಾರ ಅವಳ ಫೋನ್ ಇಸಿದುಕೊಂಡು, ಆಟದೊಳಗೆ ಏನೋ ಒತ್ತಿ ಮರಳಿ ಕೊಟ್ಟ.

“ಇನ್ನ ತಂತಿ ಹರದ್ರೂ ಆಟ ನಿಂದರೂದಿಲ್ಲ. ನಿಮ್ಮ ಬದಲಿ ಅದ ಆಡಿಕೋತ ಹೋಗತೈತಿ. ಎದುರಿನವರಿಗೆ ಗೊತ್ತೂ ಆಗೂದಿಲ್ಲ.”

ಸಕ್ಕುಬಾಯಿ ಅವನಿಗೆ ಕೆನೆ ಹಾಕಿ ಚಹಾ ಕೊಟ್ಟಳು.

ಸೋಮವಾರ ಮೂರೂ ಹತ್ತಕ್ಕೆ ತಂತಿ ಹರಿಯಿತು. ಅಲ್ತಾಫ ಬಂದು ಜೋಡಿಸುವ ಹೊತ್ತಿಗೆ ಆಟ ಮುಗಿದು, ಪರದೆಯ ಮೇಲೆ ಕಿರೀಟ ಮೂಡಿತ್ತು: ನೀವು ಗೆದ್ದಿದ್ದೀರಿ. ಮಂಗಳವಾರವೂ ಹಾಗೇ. ಬುಧವಾರವೂ ಕಿರೀಟ. ಮಗಳು ಎಂದಿನಂತೆ ಅವ್ವನಿಗೆ ಬಿಟ್ಟುಕೊಟ್ಟಿದ್ದಾಳೆ ಎಂದು ಸಕ್ಕುಬಾಯಿ ಒಬ್ಬಳೇ ನಕ್ಕಳು. ಬಹಳ ದಿನದ ಮೇಲೆ ಹೊಟ್ಟೆ ತುಂಬ ಉಂಡಳು.

ಗುರುವಾರ ತಂತಿ ನೆಟ್ಟಗಿತ್ತು. ಆದರೆ ನೀಲಮ ಆಟಕ್ಕೆ ಬರಲಿಲ್ಲ. ಶುಕ್ರವಾರವೂ ಬರಲಿಲ್ಲ. ಸಂಕ್ರಾಂತಿಗೆ ನಾಲ್ಕೇ ದಿನವಿತ್ತು, ಮನೆ ಸಾರಿಸುವ ಕೆಲಸ ಇದ್ದೀತು. ಹೇಗೂ ಹಬ್ಬಕ್ಕೆ ತಾನೇ ಹೋಗುವವಳು.

ಸಜ್ಜೆ ರೊಟ್ಟಿ, ಶೇಂಗಾ ಹೋಳಿಗೆ, ಹೊಸ ಮದುಮಗಳಿಗೆಂದು ಪೋಣಿಸಿದ ಕುಸುರೆಳ್ಳಿನ ಸರ, ಎಲ್ಲವನ್ನೂ ಬುಟ್ಟಿಗೆ ತುಂಬಿಕೊಂಡು ಸಕ್ಕುಬಾಯಿ ಸತ್ತಿಗೆ ಹೋದಳು. ಬೀಗತಿ ಬಾಯಿ ತುಂಬ ಬರ್ರಿ ಎಂದಳು. ಚಾಪೆಯ ಮೇಲೆ ತಾಯಿ ಮಗಳ ನಡುವೆಯೇ ಕೂತಳು.

ನೀಲಮಳ ಎಡಗೈಗೆ ಮೊಣಕೈವರೆಗೂ ಬಟ್ಟೆ ಸುತ್ತಿತ್ತು. ಗುರುವಾರ ಎಣ್ಣೆ ಸಿಡಿಯಿತು, ಈಗಿನವರಿಗೆ ಒಲೆಯ ಮುಂದೆ ನಿಗಾ ಇರುವುದಿಲ್ಲ ಎಂದು ಬೀಗತಿಯೇ ಹೇಳಿದಳು. ನೀಲಮ ತಲೆ ಎತ್ತಲಿಲ್ಲ. ಸಕ್ಕುಬಾಯಿ ಬಟ್ಟೆ ಸುತ್ತಿದ ಕೈಗೆ ತಾಗದಂತೆ ಮಗಳ ಕೊರಳಿಗೆ ಸರ ಹಾಕಿದಳು.

ಕೈ ತೊಳೆಯುವ ನೆಪದಲ್ಲಿ ಹಿತ್ತಲಿನ ನಳದ ಹತ್ತಿರ ಇಬ್ಬರೇ ಸಿಕ್ಕರು. ಸಕ್ಕುಬಾಯಿಗೆ ದುಃಖಕ್ಕಿಂತ ಸಿಟ್ಟೇ ಮುಂದೆ ಬಂತು. ಇಷ್ಟೆಲ್ಲ ಆದರೂ ತನ್ನ ಕಾಯಿ ಯಾಕೆ ಹೊಡೆಯಲಿಲ್ಲ ಎಂದು ಪಿಸುದನಿಯಲ್ಲೇ ಗದರಿದಳು. ನೀಲಮ ಅವ್ವನ ಕೈಯೊಳಗಿಂದ ತನ್ನ ಕೈ ಮೆಲ್ಲಗೆ ಬಿಡಿಸಿಕೊಂಡಳು.

“ಸೋಮವಾರ ಹೊಡದೆ, ಮಂಗಳವಾರ ಹೊಡದೆ, ಬುಧವಾರನೂ ಹೊಡದೆ. ಮೂರೂ ದಿನ ನೀ ಸುಮ್ಮ ದಾಳ ಒಗದು ಗೆದ್ದಿ, ಅವ್ವಾ.”